ನಿಮಗಿದು ಗೊತ್ತೇ? ಸತ್ತ ಪ್ರೋಗ್ರಾಮೂ ಮಾತಾಡುತ್ತದೆ!

ಫೋನಿನಲ್ಲಿ ಆ್ಯಪ್ ಒಂದು ಫಕ್ಕನೆ ಮುಚ್ಚಿಕೊಂಡಿತು. ನೀವು ಗೊಣಗುತ್ತಾ ಮತ್ತೆ ತೆರೆದಿರಿ. ಆ ಅರೆಕ್ಷಣದಲ್ಲಿ ಒಳಗೇನಾಯಿತು ಗೊತ್ತೇ? ಸಿ ಅಥವಾ ಸಿ++ನಲ್ಲಿ ಬರೆದ ಭಾಗ ಕುಸಿದಿದ್ದರೆ, ಅದು ಎಲ್ಲಿ ಬಿತ್ತು, ಯಾರು ಕರೆದಾಗ ಬಿತ್ತು ಎಂಬುದೆಲ್ಲ ಒಂದು ಫೈಲಿಗೆ ಇಳಿದಿರುತ್ತದೆ. ಆಂಡ್ರಾಯ್ಡ್‌ನಲ್ಲಿ ಆ ಫೈಲಿಗೆ ‘ಟೂಂಬ್‌ಸ್ಟೋನ್’ ಎಂದು ಹೆಸರು. ಅಂದರೆ ಗೋರಿಕಲ್ಲು!

ಲಿನಕ್ಸ್‌ನಲ್ಲಿ ಇದಕ್ಕೆ ‘ಕೋರ್ ಡಂಪ್’ ಅನ್ನುತ್ತಾರೆ. ಕೋರ್ ಅಂದರೆ ಇಲ್ಲಿ ಕಾಂತದ ಪುಟಾಣಿ ಉಂಗುರ! ಹಳೆಯ ಕಂಪ್ಯೂಟರುಗಳ ಮೆಮೊರಿಯಲ್ಲಿ ಒಂದೊಂದು ಬಿಟ್‌ಗೆ ಒಂದೊಂದು ಉಂಗುರವನ್ನು ತಂತಿಗೆ ಮಣಿಯಂತೆ ಪೋಣಿಸುತ್ತಿದ್ದರು. ಉಂಗುರಗಳು ಹೋಗಿ ದಶಕಗಳಾದವು, ಹೆಸರು ಹೋಗಿಲ್ಲ.

ಹೆಸರಿನ ಮಾತು ಬಂತಲ್ಲ, ಇದನ್ನು ಕೇಳಿ. ಲಿನಕ್ಸ್ ಪ್ರೋಗ್ರಾಮುಗಳ ಮತ್ತು ಲೈಬ್ರರಿಗಳ ಫೈಲ್ ರೂಪದ ಹೆಸರು ‘ಎಲ್ಫ್’. ಯುರೋಪಿನ ಅಜ್ಜಿಕತೆಗಳ ಕಿನ್ನರ! ಅದರೊಳಗೆ ತಪ್ಪು ಹುಡುಕಲು ನೆರವಾಗುವ ಡಿಬಗ್ ಮಾಹಿತಿ ಇಡುವ ರೂಪಕ್ಕೆ ‘ಡ್ವಾರ್ಫ್’, ಅಂದರೆ ಕುಳ್ಳ, ಎಂದು ಹೆಸರಿಟ್ಟರು. ಕಿನ್ನರನಿಗೊಬ್ಬ ಜೊತೆಗಾರ ಬೇಕಲ್ಲ! ಆ ಅಕ್ಷರಗಳಿಗೆ ಉದ್ದನೆಯ ಅರ್ಥ ಹೊಂದಿಸಿದ್ದು ಆಮೇಲೆ. ಈ ಕುಳ್ಳ ಎಷ್ಟೋ ಸಲ ಪ್ರೋಗ್ರಾಮಿಗಿಂತಲೂ ದಪ್ಪಗಿರುತ್ತಾನೆ! ಅದಕ್ಕೇ ಅವನನ್ನು ಬೇರೆ ಫೈಲಿನಲ್ಲಿ ಇಡುವುದೇ ರೂಢಿ.

ಕಾಡಂಚಿನ ಹೊಲಗಳಿಗೆ ಆನೆ ನುಗ್ಗದಂತೆ ಸೋಲಾರ್ ಬೇಲಿ ಹಾಕುವುದನ್ನು ನೋಡಿದ್ದೀರಲ್ಲ? ಮೆಮೊರಿಗೂ ಅಂಥದೊಂದು ಬೇಲಿ ಇದೆ! ಬ್ರೂಸ್ ಪೆರೆನ್ಸ್ ಎಂಬ ಪ್ರೋಗ್ರಾಮರ್ ಆನಿಮೇಷನ್ ಸಂಸ್ಥೆ ಪಿಕ್ಸಾರ್‌ನಲ್ಲಿದ್ದಾಗ ‘ಎಲೆಕ್ಟ್ರಿಕ್ ಫೆನ್ಸ್’ ಎಂಬ ಲೈಬ್ರರಿ ಬರೆದರು. ಪ್ರೋಗ್ರಾಮು ಕೇಳಿದಷ್ಟು ಜಾಗವನ್ನು ಇದು ಮೆಮೊರಿಯ ಒಂದು ಪುಟದ ತುತ್ತತುದಿಗೆ ಕೊಡುತ್ತದೆ. ಪಕ್ಕದ ಪುಟವನ್ನು ಯಾರೂ ಮುಟ್ಟದಂತೆ ಮುಚ್ಚಿಬಿಡುತ್ತದೆ. ಗೆರೆ ದಾಟಿ ಕಾಲಿಟ್ಟರೆ ಅಲ್ಲೇ ಶಾಕ್, ಅಲ್ಲೇ ಕ್ರ್ಯಾಶ್, ತಪ್ಪು ಮಾಡಿದ ಸಾಲು ಕೈಗೆ ಸಿಕ್ಕಿತು! ಬೆಲೆ ಮಾತ್ರ ದುಬಾರಿ. ಒಂದೇ ಒಂದು ಬೈಟ್ ಕೇಳಿದರೂ ಎರಡು ಪುಟ ಖರ್ಚು. ಪುಟಕ್ಕೆ 4096 ಬೈಟ್ ಎಂದರೆ 8192 ಬೈಟ್!

ಸೊಗಸಾದ ಸಂಗತಿಯೆಂದರೆ, ಪ್ರೋಗ್ರಾಮಿನ ಒಂದಕ್ಷರವನ್ನೂ ತಿದ್ದಬೇಕಿಲ್ಲ. ಇಂಥ ಲೈಬ್ರರಿಯನ್ನು ಎಲ್ಲರಿಗಿಂತ ಮೊದಲು ಒಳಗೆ ಬಿಟ್ಟರಾಯಿತು. ಮೆಮೊರಿ ಬೇಕೆಂಬ ಪ್ರತಿ ಕರೆಯನ್ನೂ ಅದು ಬಾಗಿಲಲ್ಲೇ ಹಿಡಿಯುತ್ತದೆ. ಪ್ರೋಗ್ರಾಮಿಗೆ ಸುಳಿವೇ ಸಿಗದು!

ನಾರ್ಸ್ ಪುರಾಣದ ವೀರಸ್ವರ್ಗ ವಲ್ಹಾಲಾದ ಮಹಾದ್ವಾರಕ್ಕೆ ‘ವಾಲ್‌ಗ್ರಿಂಡ್’ ಎಂದು ಹೆಸರು. ಮೆಮೊರಿ ತಪ್ಪು ಹುಡುಕುವ ಹೆಸರಾಂತ ಸಾಧನಕ್ಕೂ ಅದೇ ಹೆಸರು! ಒಂದೊಂದು ಬಿಟ್‌ಗೂ ಬೆಲೆ ತುಂಬಿದೆಯೇ ಇಲ್ಲವೇ ಎಂದು ಇದು ಲೆಕ್ಕ ಇಡುತ್ತದೆ. ಅದರ ಕಾವಲಿನಲ್ಲಿ ಪ್ರೋಗ್ರಾಮು 20ರಿಂದ 30 ಪಟ್ಟು ನಿಧಾನವಾಗಬಹುದು!

ಓಡುತ್ತಿರುವ ಪ್ರೋಗ್ರಾಮನ್ನು ಬೇಕಾದ ಸಾಲಿನಲ್ಲಿ ನಿಲ್ಲಿಸಲು ಡಿಬಗರ್ ಏನು ಮಾಡುತ್ತದೆ? ಇಂಟೆಲ್ ಪ್ರೊಸೆಸರುಗಳಲ್ಲಾದರೆ ಅಲ್ಲಿ ‘ಸಿಸಿ’ ಎಂಬ ಒಂದು ಬೈಟ್ ಬರೆಯುತ್ತದೆ, ಅಷ್ಟೇ! ಮೈಕ್ರೋಸಾಫ್ಟ್‌ನ ಕಂಪೈಲರು ಡಿಬಗ್ ಮಾಡುವಾಗ ಬೆಲೆ ತುಂಬದ ಜಾಗಕ್ಕೂ ಇದೇ ಬೈಟನ್ನು ಬಳಿದಿಡುತ್ತದೆ. ಮಜಾ ಇರುವುದು ಚೀನಾದಲ್ಲಿ. ಅಲ್ಲಿನ ಲಿಪಿ ಸಂಕೇತದಲ್ಲಿ ಎರಡು ‘ಸಿಸಿ’ ಸೇರಿದರೆ ‘ಸುಡುಬಿಸಿ’ ಎಂಬ ಅರ್ಥದ ಅಕ್ಷರ. ಬೆಲೆ ತುಂಬಲು ಮರೆತಿರೋ, ಪರದೆಯ ಮೇಲೆ ಸುಡುಬಿಸಿ, ಸುಡುಬಿಸಿ, ಸುಡುಬಿಸಿ! ತಪ್ಪು ತಾನೇ ಬೊಬ್ಬೆ ಹೊಡೆಯುವುದು ಎಂದರೆ ಇದೇ!

ವಿಂಡೋಸ್‌ನ ಡಿಎಲ್‌ಎಲ್ ಲೈಬ್ರರಿ ಒಂದನ್ನು ನೋಟ್‌ಪ್ಯಾಡ್‌ನಲ್ಲಿ ತೆರೆದು ನೋಡಿ. ಎಲ್ಲಾ ಕಲಸುಮೇಲೋಗರ. ಆದರೆ ಮೊದಲ ಎರಡು ಅಕ್ಷರ ಎಂ ಮತ್ತು ಝಡ್. ಡಾಸ್ ಕಾಲದ ಎಂಜಿನಿಯರ್ ಮಾರ್ಕ್ ಝ್ಬಿಕೋವ್‌ಸ್ಕಿ ಅವರ ಹೆಸರಿನ ಮೊದಲಕ್ಷರಗಳು! ಕ್ರ್ಯಾಶ್ ವರದಿ ಬರೆಯುವ ‘ಡಿಬಿಜಿಹೆಲ್ಪ್’ ಲೈಬ್ರರಿಯ ನೆತ್ತಿಯ ಮೇಲೂ ಅದೇ ಸಹಿ.

ಈಗ ನನಗೆ ಅತಿ ಇಷ್ಟವಾದದ್ದು. ಸಾಯುವವನೇ ತನ್ನ ಮರಣೋತ್ತರ ವರದಿ ಬರೆಯಬಹುದೇ? ಪ್ರೋಗ್ರಾಮುಗಳು ಬರೆಯುತ್ತವೆ! ಆದರೆ ಪಡಿಪಾಟಲು ನೋಡಿ. ಕುಸಿಯುವ ಗಳಿಗೆಯಲ್ಲಿ ಹೊಸದಾಗಿ ಮೆಮೊರಿ ಕೇಳುವಂತಿಲ್ಲ. ಕೆಟ್ಟಿರುವುದು ಮೆಮೊರಿ ಹಂಚುವ ಉಗ್ರಾಣವೇ ಇರಬಹುದು. ಅದರ ಬೀಗ ಹಾಕಿದ ಕೈಯಲ್ಲೇ ಪ್ರೋಗ್ರಾಮು ಸತ್ತಿದ್ದರೆ, ಬೀಗ ತೆಗೆಯುವವರೇ ಇಲ್ಲ! ಕರೆಗಳ ಲೆಕ್ಕ ಇಡುವ ಜಾಗ, ಅಂದರೆ ಸ್ಟ್ಯಾಕ್, ಉಕ್ಕಿ ಬಿದ್ದಿದ್ದರೆ ವರದಿ ಬರೆಯಲು ನಿಲ್ಲುವಷ್ಟೂ ಜಾಗವಿಲ್ಲ. ಅದಕ್ಕೇ ಜಾಣ ಲೈಬ್ರರಿಗಳು ಪ್ರೋಗ್ರಾಮು ಗಟ್ಟಿಮುಟ್ಟಾಗಿರುವಾಗಲೇ ಒಂದು ತುಂಡು ಜಾಗವನ್ನು ಇದಕ್ಕೆಂದೇ ಎತ್ತಿಟ್ಟಿರುತ್ತವೆ. ಕ್ರೋಮ್ ಬಳಸುವ ‘ಕ್ರ್ಯಾಶ್‌ಪ್ಯಾಡ್’ ಇನ್ನೂ ಒಂದು ಹೆಜ್ಜೆ ಮುಂದೆ. ಪಕ್ಕದಲ್ಲಿ ಇನ್ನೊಂದು ಪ್ರೋಗ್ರಾಮನ್ನೇ ಕೂರಿಸಿರುತ್ತದೆ. ಕ್ರೋಮ್ ಬಿದ್ದರೆ ಅದು ಬರೆಯುತ್ತದೆ!

ಮಂಗಳನ ಮೇಲೂ ಕ್ರ್ಯಾಶ್ ಆಗಿದೆ, ಗೊತ್ತೇ? 1997ರ ಜುಲೈ 4ರಂದು ಇಳಿದ ಪಾತ್‌ಫೈಂಡರ್ ನೌಕೆಯ ಕಂಪ್ಯೂಟರು ಮತ್ತೆ ಮತ್ತೆ ರೀಸೆಟ್ ಆಗತೊಡಗಿತು. ಎಂಜಿನಿಯರುಗಳು ಭೂಮಿಯಲ್ಲಿದ್ದ ಅದರ ಜೋಡಿ ಯಂತ್ರದ ಮೇಲೆ ಅದೇ ಕುಸಿತ ಮರುಕಳಿಸುವಂತೆ ಮಾಡಿದರು. ಹೆಜ್ಜೆಹೆಜ್ಜೆಯ ದಾಖಲೆ ಜಾಲಾಡಿದರು. ತೊಡಕು ಇದ್ದುದು ಆಪರೇಟಿಂಗ್ ಸಿಸ್ಟಮ್ಮಿನ ಲೈಬ್ರರಿ ಹಾಕಿದ್ದ ಒಂದು ಬೀಗದಲ್ಲಿ. ಕೋಟ್ಯಂತರ ಕಿ.ಮೀ. ದೂರಕ್ಕೆ ಅವರು ಕಳಿಸಿದ ಮದ್ದೇನು? ಆ ಬೀಗದಲ್ಲಿ ‘ಇಲ್ಲ’ ಎಂದಿದ್ದ ಒಂದು ಆಯ್ಕೆಯನ್ನು ‘ಹೌದು’ ಮಾಡಿದ್ದು!