ಬೆಳಕಿನ ಉಳಿ: ದೇಹೂ ರೋಡಿನ ಸುತ್ತಿನ ಕಾರಖಾನೆಗಳಲ್ಲಿ ಲೇಸರ್ ಗುರುತು

ಪುಣೆಯಿಂದ ಲೋಣಾವಳೆಯ ಕಡೆಗೆ ಹೋಗುವ ಲೋಕಲ್ ಗಾಡಿಯಲ್ಲಿ ಪಿಂಪರಿ, ಚಿಂಚವಾಡ, ಆಕುರ್ಡಿಗಳನ್ನು ದಾಟಿದೊಡನೆ ದೊರೆಯುವ ದೇಹೂ ರೋಡ್ ನಿಲ್ದಾಣದಲ್ಲಿ ಇಳಿಯುವವರು ಮುಖ್ಯವಾಗಿ ಮೂರು ಬಗೆಯವರು. ಇಂದ್ರಾಯಣಿಯ ದಡದ ದೇಹೂ ಗ್ರಾಮಕ್ಕೆ ತುಕಾರಾಮ ಮಹಾರಾಜರ ದರ್ಶನಾರ್ಥವಾಗಿ ಹೋಗುವ ವಾರಕರಿಗಳು ಒಂದು ಬಗೆ. ಸೈನ್ಯದ ಉಗ್ರಾಣ ಮತ್ತು ಮದ್ದುಗುಂಡಿನ ಕಾರಖಾನೆಯ ನೌಕರರು ಮತ್ತೊಂದು. ತಳವಡೆ, ಚಿಖಲಿ, ಚಾಕಣ, ತಳೆಗಾಂವಗಳ ಸಣ್ಣ ದೊಡ್ಡ ಯಂತ್ರಶಾಲೆಗಳಿಗೆ ಪಾಳಿಯ ಮೇಲೆ ಹೋಗಿಬರುವ ಕಾರ್ಮಿಕರು ಮೂರನೆಯ ಬಗೆ. ಈ ಮೂವರಿಗೂ ಚಹ ಕೊಡುವ ನಮ್ಮವರನ್ನು ನಾಲ್ಕನೆಯ ಬಗೆಯೆಂದು ಎಣಿಸಿಕೊಂಡರೆ ತಪ್ಪಾಗಲಾರದು.

ಮೂರನೆಯ ಬಗೆಯ ಗಿರಾಕಿಗಳ ಬಾಯಲ್ಲಿ ಕೆಲವು ವರ್ಷಗಳಿಂದ ‘ಮಾರ್ಕಿಂಗ್’ ಎಂಬ ಮಾತು ಪದೇ ಪದೇ ಕೇಳಿಬರುತ್ತಿದೆ. ಊರಿನಿಂದ ಮಾಣಿಯ ಕೆಲಸಕ್ಕೆಂದು ಬಂದು, ಒಂದೆರಡು ವರ್ಷ ಟೇಬಲು ಒರಸಿ, ಬಳಿಕ ಗುತ್ತಿಗೆದಾರನ ಮುಖಾಂತರ ಯಂತ್ರಶಾಲೆಯನ್ನು ಸೇರಿಕೊಂಡ ಹುಡುಗರಲ್ಲಿಯೂ ಕೆಲವರು ಈ ಕೆಲಸದಲ್ಲಿಯೇ ನಿಂತಿರುವರು. ಆದುದರಿಂದ ಈ ಲೇಸರ್ ಗುರುತು ಎಂದರೇನು, ಅದು ಯಾರಿಗೆ ಯಾವ ವಿಷಯವನ್ನು ತಿಳಿಸುತ್ತದೆ ಎಂಬುದನ್ನು ವಾಚಕರ ಮುಂದಿಡುವುದು ಉಚಿತವೆಂದು ನಾವು ಭಾವಿಸಿದೆವು.

ಗುರುತು ಹಾಕುವ ಕೆಲಸ ಹೊಟೇಲಿನವರಿಗೆ ಹೊಸದೇನಲ್ಲ. ಲೋಟ, ಬಟ್ಟಲು, ತಟ್ಟೆಗಳ ಮೇಲೆ ಹೊಟೇಲಿನ ಹೆಸರು ಇಲ್ಲದಿದ್ದರೆ ಅವು ವರ್ಷ ತುಂಬುವುದರೊಳಗೆ ಎಷ್ಟು ಉಳಿಯುತ್ತವೆ ಎಂಬುದನ್ನು ನಡೆಸಿದವರೇ ಬಲ್ಲರು. ತುಳಶೀಬಾಗಿನ ಪಾತ್ರೆಯಂಗಡಿಯ ಮುಂದೆ ಮಣೆ ಹಾಕಿಕೊಂಡು, ಗುಂಯ್ಗುಡುವ ವಿದ್ಯುತ್ ಲೇಖನಿಯಿಂದ ಚುಕ್ಕೆ ಚುಕ್ಕೆಯಾಗಿ ಹೆಸರು ಕೊರೆಯುವವರನ್ನು ಯಾರು ನೋಡಿಲ್ಲ? ಮದುವೆಯ ಉಡುಗೊರೆಯ ಕೊಡದ ಮೇಲೆ ಕೊಟ್ಟವರ ಹೆಸರು, ತಾರೀಖುಗಳನ್ನು ಬರೆದವರೂ ಇವರೇ. ಆ ಗುರುತು ಹೇಳುತ್ತಿದ್ದುದು ಒಂದೇ ಮಾತು: ಈ ವಸ್ತು ಯಾರದು ಎಂಬುದು.

ಕಾರಖಾನೆಯ ಗುರುತು ಬೇರೆ ಜಾತಿಯದು. ಅದು ವಸ್ತು ಯಾರದು ಎಂದು ಹೇಳುವುದಿಲ್ಲ. ಯಾವ ಶಾಲೆಯಲ್ಲಿ, ಯಾವ ದಿನ, ಯಾವ ಪಾಳಿಯಲ್ಲಿ, ಯಾವ ಉಕ್ಕಿನಿಂದ ತಯಾರಾಯಿತು ಎಂದು ಹೇಳುತ್ತದೆ. ಮೊದಲು ಇದನ್ನು ಅಕ್ಷರದ ಮೊಳೆಗಳಿಂದ ಸುತ್ತಿಗೆಯೇಟಿನಲ್ಲಿ ಒತ್ತುತ್ತಿದ್ದರು, ಇಲ್ಲವೆ ಶಾಯಿಯಿಂದ ಬರೆಯುತ್ತಿದ್ದರು, ಇಲ್ಲವೆ ಆಮ್ಲದಿಂದ ಕೊರೆಯುತ್ತಿದ್ದರು. ಸುತ್ತಿಗೆಯ ಏಟಿಗೆ ನಾಜೂಕಾದ ಬಿಡಿಭಾಗ ಸೊಟ್ಟಗಾಗುವ ಭಯ. ಶಾಯಿ ಎಣ್ಣೆ ತಾಗಿದರೆ ಹೋಯಿತು. ಆಮ್ಲದ ಕೆಲಸ ನಿಧಾನ, ಕೈಗೂ ಕೇಡು. ಲೇಸರಿನಲ್ಲಿ ಉಪಕರಣವು ವಸ್ತುವನ್ನು ಮುಟ್ಟುವುದೇ ಇಲ್ಲ. ಮುಟ್ಟದ ಉಳಿ ಸವೆಯುವುದೂ ಇಲ್ಲ.

ಲೋಕದ ಮೊತ್ತಮೊದಲನೆಯ ಲೇಸರನ್ನು 1960ರ ಮೇ 16ರಂದು ಅಮೆರಿಕದ ಥಿಯೊಡೋರ್ ಮೈಮನ್ ಎಂಬ ವಿಜ್ಞಾನಿಯು ಕೆಂಪುಹರಳಿನಿಂದ ಬೆಳಗಿಸಿದನು. ಆದರೆ ಕೈಗಾರಿಕೆಗೆ ದುಡಿಯತಕ್ಕ ಲೇಸರಿನ ಕಥೆಯಲ್ಲಿ ನಮ್ಮ ಈ ಪುಣೆ ಜಿಲ್ಲೆಯ ಪಾಲು ದೊಡ್ಡದಿದೆ. ಇದು ಬಹುಮಂದಿಗೆ ತಿಳಿಯದು. ಇಲ್ಲಿಯದೇ ಆದ ಬಾರಾಮತಿಯಲ್ಲಿ 1938ರಲ್ಲಿ ಹುಟ್ಟಿ, ಪುಣೆಯ ಇಂಜಿನಿಯರಿಂಗ್ ಕಾಲೇಜಿನಲ್ಲಿ 1958ರಲ್ಲಿ ಪದವಿ ಪಡೆದು ಅಮೆರಿಕಕ್ಕೆ ತೆರಳಿದ ಸಿ. ಕುಮಾರ್ ಪಟೇಲರು 1964ರಲ್ಲಿ ಬೆಲ್ ಪ್ರಯೋಗಶಾಲೆಯಲ್ಲಿ ಇಂಗಾಲಾಮ್ಲ ಅನಿಲದ ಲೇಸರನ್ನು ಕಂಡುಹಿಡಿದರು. ಇಂದಿಗೂ ಮರ, ತೊಗಲು, ಕಾಗದ, ಅಕ್ರಿಲಿಕ್ ಹಲಗೆಗಳನ್ನು ಕೊರೆಯುವುದು ಹೆಚ್ಚಾಗಿ ಇವರ ಲೇಸರಿನಿಂದಲೇ. ಬಾರಾಮತಿಯ ಹೆಸರು ಪತ್ರಿಕೆಗಳಲ್ಲಿ ಬರುವುದು ರಾಜಕೀಯದ ಕಾರಣಕ್ಕೆ ಮಾತ್ರ ಎಂಬುದು ನಮಗಂತೂ ಸ್ವಲ್ಪ ಬೇಸರದ ಸಂಗತಿ.

ಬರಿಯ ಲೋಹವು ಆ ಬೆಳಕನ್ನು ಬಹುಮಟ್ಟಿಗೆ ಹಿಂದಕ್ಕೆ ತಳ್ಳಿಬಿಡುತ್ತದೆ. ಲೋಹಕ್ಕೆ ಬೇರೆ ಬಣ್ಣದ ಬೆಳಕು ಬೇಕು. ಮೊದಲು ಇದಕ್ಕೆ ‘ಯಾಗ್’ ಎಂಬ ಕೃತಕ ಹರಳನ್ನು ಬಳಸುತ್ತಿದ್ದರು. ಅದಕ್ಕೆ ದೀಪ ಬೇಕು, ದೀಪಕ್ಕೆ ನೀರಿನ ತಂಪು ಬೇಕು, ದೀಪ ಆಗಾಗ್ಗೆ ಸುಟ್ಟುಹೋಗುವುದು. ದೊಡ್ಡ ಕಂಪನಿಗಳಲ್ಲದೆ ಇತರರು ಅದರ ಗೋಜಿಗೆ ಹೋಗುವಂತಿರಲಿಲ್ಲ. ಇಟರ್ಬಿಯಂ ಎಂಬ ಧಾತುವನ್ನು ಬೆರೆಸಿದ ಗಾಜಿನ ಎಳೆಯಲ್ಲಿಯೇ ಬೆಳಕನ್ನು ಬೆಳೆಸುವ ‘ಫೈಬರ್’ ಲೇಸರು ಬಂದ ಮೇಲೆ ಈ ತಾಪತ್ರಯಗಳು ನೀಗಿದವು. ಚೀನದ ತಯಾರಕರು ಅದನ್ನು ಅಗ್ಗವಾಗಿ ಮಾಡತೊಡಗಿದ ಮೇಲಂತೂ ಹತ್ತು ಜನರ ಶೆಡ್ಡಿನೊಳಕ್ಕೂ ಅದು ಕಾಲಿಟ್ಟಿತು.

ಯಂತ್ರವನ್ನು ನೋಡಿದರೆ ನಿರಾಶೆಯಾಗುವುದೇ ಹೆಚ್ಚು: ಒಂದು ಪೆಟ್ಟಿಗೆ, ಒಂದು ಕಂಬ, ಕಂಬಕ್ಕೆ ತೂಗಿದ ತಲೆ, ಪಕ್ಕದಲ್ಲಿ ಗಣಕಯಂತ್ರ. ತಲೆಯೊಳಗಿನ ಎರಡು ಪುಟ್ಟ ಕನ್ನಡಿಗಳು, ಒಂದು ಬೆಳಕನ್ನು ಉದ್ದಕ್ಕೂ ಇನ್ನೊಂದು ಅಡ್ಡಕ್ಕೂ ಓಡಿಸುತ್ತವೆ. ಬೆಳಕು ಬರುವುದು ಧಾರೆಯಾಗಿ ಅಲ್ಲ, ಮಿಡಿತಗಳಾಗಿ. ಸೆಕೆಂಡಿಗೆ ಹತ್ತಾರು ಸಾವಿರ ಮಿಡಿತ, ಒಂದೊಂದು ಮಿಡಿತ ಸೆಕೆಂಡಿನ ಸುಮಾರು ಕೋಟಿಯಲ್ಲೊಂದು ಪಾಲು. ಹೊರಬರುವ ಬೆಳಕಿನ ಶಕ್ತಿ 20 ಅಥವಾ 30 ವಾಟ್ ಮಾತ್ರ. ಆದರೆ ಅದೆಲ್ಲವೂ ಕೂದಲೆಳೆಯಷ್ಟು ಅಗಲದ ಬಿಂದುವಿನಲ್ಲಿ ಕೂಡಿದಾಗ ಉಕ್ಕಿನ ಮೇಲ್ಪದರ ಆವಿಯಾಗಿ ಹಾರುತ್ತದೆ. ಶಕ್ತಿಯನ್ನು ತಗ್ಗಿಸಿ ನಿಧಾನವಾಗಿ ಕಾಯಿಸಿದರೆ ಲೋಹ ಹಾರುವುದಿಲ್ಲ, ಮೇಲೆ ಕಪ್ಪು ಬಣ್ಣ ಮಾತ್ರ ಏಳುತ್ತದೆ. ಶಸ್ತ್ರವೈದ್ಯರ ಉಪಕರಣಗಳಿಗೆ ಹೀಗೆ ನುಣುಪು ಕೆಡದಂತೆ ಗುರುತು ಹಾಕುವರು.

ಇಲ್ಲಿ ಹೊಟೇಲಿನವರಿಗೊಂದು ಮಾತು. ಪಾತ್ರೆಯಂಗಡಿಗಳಲ್ಲಿಯೂ ಈಗ ಲೇಸರು ಬಂದು ಕುಳಿತಿದೆ. ಅಕ್ಷರ ಅಂದವಾಗಿ ಬರುತ್ತದೆ, ಚಿತ್ರವೂ ಬರುತ್ತದೆ. ಆದರೆ ಸ್ಟೇನ್‌ಲೆಸ್ ಉಕ್ಕಿಗೆ ತುಕ್ಕು ಹಿಡಿಯದಿರುವುದು ಅದರ ಮೇಲಿನ ಕ್ರೋಮಿಯಂ ಆಕ್ಸೈಡಿನ ತೆಳುಪೊರೆಯಿಂದ. ಅವಸರದಲ್ಲಿ ಅತಿಯಾಗಿ ಸುಟ್ಟರೆ ಆ ಪೊರೆ ಕೆಡುತ್ತದೆ. ದಿನವೂ ಉಪ್ಪು ಹುಳಿ ತಾಗುವ ಬಟ್ಟಲಿನಲ್ಲಿ ಹೆಸರಿನ ಜಾಗದಲ್ಲಿಯೇ ತುಕ್ಕಿನ ಬಣ್ಣ ಕಾಣಿಸಿಕೊಳ್ಳುವುದುಂಟು. ನೂರು ಡಜನ್ ಕೊರೆಯಿಸುವ ಮೊದಲು ಒಂದನ್ನು ಕೊರೆಯಿಸಿ, ವಾರದ ಮಟ್ಟಿಗೆ ಉಪ್ಪುನೀರಿನಲ್ಲಿ ಇಟ್ಟು ನೋಡುವುದು ಲೇಸು.

ಇನ್ನು ಈ ಕೆಲಸ ಹಬ್ಬಿದ್ದೇಕೆ ಎಂಬುದಕ್ಕೆ ಬರೋಣ. ನಮ್ಮ ಗಲ್ಲಾದ ಮೇಲೆ ಹಣ ಸಂದಾಯಕ್ಕಾಗಿ ಅಂಟಿಸಿರುವ ಕ್ಯೂಆರ್ ಚೌಕವು ಹುಟ್ಟಿದ್ದು ಬ್ಯಾಂಕಿನಲ್ಲಲ್ಲ, ಮೋಟಾರು ಕಾರಖಾನೆಯ ಅಗತ್ಯದಿಂದ. 1994ರಲ್ಲಿ ಜಪಾನಿನ ಡೆನ್ಸೊ ಎಂಬ ಬಿಡಿಭಾಗಗಳ ಕಂಪನಿಯಲ್ಲಿ ಮಸಾಹಿರೊ ಹಾರ ಎಂಬವರು ಅದನ್ನು ರೂಪಿಸಿದರು. ಸಾಲುಗೀಟಿನ ಹಳೆಯ ಗುರುತಿನಲ್ಲಿ ಭಾಗಗಳ ವಿವರವೆಲ್ಲ ಹಿಡಿಸುತ್ತಿರಲಿಲ್ಲವೆಂಬುದೇ ಕಾರಣ. ಅದರ ದಾಯಾದಿಯಾದ ‘ಡೇಟಾ ಮ್ಯಾಟ್ರಿಕ್ಸ್’ ಎಂಬ ಚೌಕವನ್ನು ಲೇಸರು ಕೆಲವೇ ಮಿಲಿಮೀಟರ್ ಅಗಲದಲ್ಲಿ ಉಕ್ಕಿನ ಮೇಲೆ ಬರೆಯಬಲ್ಲದು. ಒಂದು ಮೂಲೆ ಗೀಚಿಹೋದರೂ ಉಳಿದುದರಿಂದ ಓದಿಕೊಳ್ಳುವ ಲೆಕ್ಕಾಚಾರ ಅದರಲ್ಲಿ ಅಡಗಿದೆ. ವಾಹನದ 17 ಅಂಕಿ-ಅಕ್ಷರಗಳ ಚಾಸಿಸ್ ಸಂಖ್ಯೆಯನ್ನು ಆಳವಾಗಿರಬೇಕೆಂದು ಈಗಲೂ ಬಹುಕಡೆ ಮೊಳೆಯಿಂದಲೇ ಕುಟ್ಟುವರು. ಬೇರಿಂಗ್, ಗೇರು, ಪಿಸ್ಟನ್ನುಗಳಿಗೆ ಲೇಸರು.

ಸದೋಷ ವಾಹನಗಳನ್ನು ಹಿಂದಕ್ಕೆ ಕರೆಯಿಸುವ ಅಧಿಕಾರವನ್ನು ಮೋಟಾರು ವಾಹನ ಕಾಯಿದೆಯ 2019ರ ತಿದ್ದುಪಡಿಯು ಸರಕಾರಕ್ಕೆ ಕೊಟ್ಟಿತು. 2021ರ ಏಪ್ರಿಲ್ 1ರಿಂದ ಅದರ ನಿಯಮಗಳು ಜಾರಿಗೆ ಬಂದವು. ಒಂದು ಬ್ರೇಕಿನ ಭಾಗ ಕೆಟ್ಟಿತೆನ್ನಿ. ಗುರುತಿಲ್ಲದಿದ್ದರೆ ಲಕ್ಷ ಗಾಡಿಗಳನ್ನು ಕರೆಯಬೇಕು. ಗುರುತಿದ್ದರೆ ಆ ದಿನದ ಆ ಪಾಳಿಯ ಗಾಡಿಗಳನ್ನು ಮಾತ್ರ ಕರೆದರೆ ಸಾಕು. ಇದರಿಂದಾಗಿ ದೊಡ್ಡ ಕಂಪನಿಯು ಸಣ್ಣ ಸರಬರಾಜುದಾರನಿಗೆ, ಗುರುತಿಲ್ಲದ ಮಾಲು ಬೇಡ ಎನ್ನುತ್ತದೆ. ಅವನು ಯಂತ್ರ ಕೊಳ್ಳುತ್ತಾನೆ, ಇಲ್ಲವೆ ನಗಕ್ಕೆ ಇಷ್ಟೆಂದು ಕೂಲಿ ಕೊಟ್ಟು ಬೇರೆಡೆ ಹಾಕಿಸುತ್ತಾನೆ. ಯಂತ್ರದ ಮುಂದೆ ಕುಳಿತವನ ಕೆಲಸ ಭಾಗವನ್ನು ಅಚ್ಚಿನಲ್ಲಿ ಕೂರಿಸಿ, ಗುಂಡಿ ಒತ್ತಿ, ಓದುಯಂತ್ರದಿಂದ ಪರೀಕ್ಷಿಸಿ ಬುಟ್ಟಿಗೆ ಹಾಕುವುದು. ಹತ್ತನೆಯ ತರಗತಿ ಓದಿದ ಚುರುಕು ಹುಡುಗನಿಗೆ ಇದು ಒಂದು ವಾರದ ವಿದ್ಯೆ.

ಈ ವ್ಯವಸ್ಥೆಯಿಂದ ಗಾಡಿ ಹತ್ತುವವನ ಪ್ರಾಣಕ್ಕೆ ರಕ್ಷಣೆಯುಂಟು. ಅದನ್ನು ನಾವು ಮನಸಾರೆ ಒಪ್ಪುತ್ತೇವೆ. ಆದರೆ ಬೇಲೂರಿನಲ್ಲಿ ದಾಸೋಜ, ಸೋಮನಾಥಪುರದಲ್ಲಿ ಮಲ್ಲಿತಮ್ಮ ಎಂಬ ರೂವಾರಿಗಳು ತಮ್ಮ ಕೆಲಸದ ಕೆಳಗೆ ತಮ್ಮ ಹೆಸರನ್ನು ತಾವೇ ಕೊರೆದರು. ಅದನ್ನು ಯಾರು ಬೇಕಾದರೂ ಓದಬಹುದು. ಚಾಕಣದ ಹುಡುಗನ ಪಾಳಿಯನ್ನು ಚೌಕದೊಳಗೆ ಬರೆಯುವುದು ಯಂತ್ರ. ಓದುವವರು ಮಾಲೀಕನೂ ಕಂಪನಿಯೂ. ಆರು ತಿಂಗಳ ಮೇಲೆ ಭಾಗವೊಂದು ತಿರುಗಿ ಬಂದು ‘ಇದು ನಿನ್ನ ಪಾಳಿಯದು’ ಎಂದಾಗ, ಆ ದಿನ ಕತ್ತರಿಸುವ ಉಪಕರಣ ಸವೆದಿತ್ತೆ, ಉಕ್ಕೇ ಕಳಪೆಯಿತ್ತೆ ಎಂದು ತೋರಿಸುವ ಲೆಕ್ಕ ಅವನ ಕೈಯಲ್ಲಿಲ್ಲ. ಪಾಳಿಯನ್ನು ಬರೆದಿಡುವ ಗಣಕಯಂತ್ರವು ಉಪಕರಣ ಬದಲಿಸಿದ ತಾರೀಖನ್ನೂ ಬರೆದಿಡಬಲ್ಲದು. ಬರೆಯಿಸಬೇಕು, ದುಡಿದವನಿಗೂ ಅದನ್ನು ತೋರಿಸಬೇಕು ಎಂಬುದು ನಮ್ಮ ಸ್ಪಷ್ಟ ಅಭಿಪ್ರಾಯ.

ಇದು ಆಗದ ಮಾತೆಂದು ಯಾರೂ ಹೇಳುವಂತಿಲ್ಲ, ಚಿನ್ನದಲ್ಲಿ ಆಗಿದೆ. 2021ರ ಜುಲೈ 1ರಿಂದ ಹಾಲ್‌ಮಾರ್ಕ್ ಆಭರಣಗಳ ಮೇಲೆ ಆರು ಅಂಕಿ-ಅಕ್ಷರಗಳ ಎಚ್‌ಯುಐಡಿ ಎಂಬ ಸಂಖ್ಯೆಯನ್ನು ಲೇಸರಿನಿಂದ ಬರೆಯುವ ಕ್ರಮ ಬಂತು; 2023ರ ಏಪ್ರಿಲ್ 1ರಿಂದ ಆ ಸಂಖ್ಯೆಯಿಲ್ಲದ ಹಾಲ್‌ಮಾರ್ಕ್ ಆಭರಣವನ್ನು ಅಂಗಡಿಯವನು ಮಾರುವಂತಿಲ್ಲ. ಭಾರತೀಯ ಮಾನಕ ಬ್ಯೂರೋದ ‘ಬಿಐಎಸ್ ಕೇರ್’ ಎಂಬ ಆ್ಯಪಿನಲ್ಲಿ ಸಂಖ್ಯೆಯನ್ನು ಒತ್ತಿದರೆ, ಒಡವೆ ಯಾವುದು, ಶುದ್ಧತೆ ಎಷ್ಟು, ಪರೀಕ್ಷಿಸಿದ ಕೇಂದ್ರ ಯಾವುದು ಎಂದು ಕಾಣಿಸುತ್ತದೆ. ತಂಗಿಯ ಮದುವೆಗೆ ಬಳೆ ಕೊಳ್ಳುವ ಮಾಣಿಯು ಇಲ್ಲಿ ಅಂಗಡಿಯವನ ಬಾಯಿಮಾತನ್ನು ನಂಬಿ ಕೂರಬೇಕಾಗಿಲ್ಲ. ಸಂಖ್ಯೆ ಬಹು ಸಣ್ಣದು, ಬರಿಗಣ್ಣಿಗೆ ಕಷ್ಟ. ಭೂತಗನ್ನಡಿಯನ್ನು ಅಂಗಡಿಯಲ್ಲಿಯೇ ಕೇಳಿ ಪಡೆಯಿರಿ. ಸಂಖ್ಯೆ ತಾಳೆಯಾದರೆ ಸಾಲದು, ತೆರೆಯಲ್ಲಿ ‘ಉಂಗುರ’ ಎಂದಿದ್ದು ಕೈಯಲ್ಲಿ ಬಳೆ ಇದ್ದರೆ ಅಲ್ಲಿಂದ ಎದ್ದು ಬನ್ನಿ.

ಕೊನೆಯದಾಗಿ ಕಣ್ಣಿನ ಮಾತು. ಲೋಹ ಕೊರೆಯುವ ಫೈಬರ್ ಲೇಸರಿನ ಬೆಳಕು 1064 ನ್ಯಾನೋಮೀಟರಿನ ಆಸುಪಾಸಿನದು. ಅದು ಕಣ್ಣಿಗೆ ಕಾಣುವುದಿಲ್ಲ. ಕಾಣದ್ದರಿಂದ ರೆಪ್ಪೆ ಮುಚ್ಚುವುದಿಲ್ಲ; ಆದರೆ ಕಣ್ಣಿನ ಮಸೂರವು ಅದನ್ನು ಅಕ್ಷಿಪಟದ ಮೇಲೆ ಬಿಂದುವಾಗಿ ಕೂಡಿಸುತ್ತದೆ. ಹೊಳೆಯುವ ಉಕ್ಕಿನಿಂದ ಚಿಮ್ಮಿದ ಬೆಳಕೂ ಸಾಕು, ಸುಟ್ಟ ಜಾಗ ಮತ್ತೆ ಮೊದಲಿನಂತಾಗದು. ಮುಚ್ಚಿದ ಪೆಟ್ಟಿಗೆಯೊಳಗೆ, ಬಾಗಿಲು ತೆರೆದರೆ ನಿಲ್ಲುವಂತೆ ಕಟ್ಟಿದ ಯಂತ್ರವಾದರೆ ಚಿಂತೆಯಿಲ್ಲ. ಬಯಲು ಯಂತ್ರವಾದರೆ ಕನ್ನಡಕ ಬೇಕೇ ಬೇಕು. ಹೊಗೆ ಹೀರುವ ನಳಿಗೆಯೂ ಬೇಕು. ಪಿವಿಸಿ ಪ್ಲಾಸ್ಟಿಕನ್ನಂತೂ ಅದರ ಕೆಳಗೆ ಇಡಲೇಬಾರದು. ಸುಟ್ಟರೆ ಹೈಡ್ರೋಕ್ಲೋರಿಕ್ ಆಮ್ಲದ ಹೊಗೆ ಏಳುತ್ತದೆ.

ಶೆಡ್ಡಿನಲ್ಲಿ ಕನ್ನಡಕವೊಂದು ಮೊಳೆಗೆ ತೂಗಿದ್ದರೆ ಅಷ್ಟಕ್ಕೇ ಸಮಾಧಾನಪಡದಿರಿ. ಬಣ್ಣ ನೋಡಿ ನಂಬಬೇಡಿ, ಅಂಚಿನ ಮೇಲೆ ಅಚ್ಚಾಗಿರುವ ಸಂಖ್ಯೆಯನ್ನು ಓದಿ. ಅಲ್ಲಿ ಬರೆದಿರುವ ವ್ಯಾಪ್ತಿಯೊಳಗೆ 1064 ಬರಬೇಕು. ಅದರ ಮುಂದೆ ‘ಓಡಿ’ ಎಂದು ತಡೆಯುವ ಶಕ್ತಿಯ ಅಂಕಿಯಿರಬೇಕು. ಆ ಅಂಕಿ ಯಂತ್ರದ ಜೊತೆಗೆ ಬಂದ ಪುಸ್ತಕದಲ್ಲಿ ಕೇಳಿರುವುದಕ್ಕಿಂತ ಕಡಮೆಯಿರಕೂಡದು. ಪಟೇಲರ ಅನಿಲ ಲೇಸರಿಗೆಂದು ಮಾಡಿದ ಕನ್ನಡಕದ ಮೇಲೆ 10600 ಎಂದಿರುತ್ತದೆ; ನೋಡಲು ಎರಡೂ ಒಂದೇ ತೆರನಾದ ಅಂಕಿ, ಆದರೆ ಅದನ್ನು ಧರಿಸಿ ಫೈಬರ್ ಯಂತ್ರದ ಮುಂದೆ ಕುಳಿತವನ ಕಣ್ಣಿಗೆ ಯಾವ ಕಾವಲೂ ಇಲ್ಲ.