ಮಿಥ್ರಿಲ್: ಕತ್ತಿಯಾಗದ ಲೋಹ

ಬೆಳ್ಳಿಯಂತೆ ಹೊಳೆಯುತ್ತದೆ, ಆದರೆ ಕಪ್ಪಾಗುವುದಿಲ್ಲ; ವಿಭೂತಿ ಹಾಕಿ ತಿಕ್ಕುವ ತಾಪತ್ರಯವಿಲ್ಲ. ತಾಮ್ರದ ಹಾಗೆ ಬಡಿದು ತಗಡು ಮಾಡಬಹುದು, ಗಾಜಿನ ಹಾಗೆ ಮೆರುಗು ಕೊಡಬಹುದು. ಇಂಥದೊಂದು ಲೋಹ ಇರುವುದು ಜೆ.ಆರ್.ಆರ್. ಟೋಲ್ಕಿನ್ ಕಟ್ಟಿದ ‘ಮಿಡಲ್ ಅರ್ಥ್’ ಎಂಬ ಕಲ್ಪನಾಲೋಕದಲ್ಲಿ. ಹೆಸರು ಮಿಥ್ರಿಲ್.

ಈ ಲೋಹ ಲೇಖಕನಿಗೂ ಒಂದೇ ಸಲಕ್ಕೆ ಸಿಕ್ಕಿದ್ದಲ್ಲ. 1937ರಲ್ಲಿ ‘ದಿ ಹಾಬಿಟ್’ ಪ್ರಕಟವಾದಾಗ ಕುಳ್ಳರೆಂಬ ಕುಲದ ನಾಯಕ ಥೋರಿನ್ ಕಥಾನಾಯಕ ಬಿಲ್ಬೊನಿಗೆ ಉಡುಗೊರೆಯಾಗಿ ತೊಡಿಸಿದ್ದು ಬರೀ ಬೆಳ್ಳಿ ಲೇಪದ ಉಕ್ಕಿನ ಅಂಗಿ. ಹಿಂದೆಂದೋ ಎಲ್ಫ್ ಎಂಬ ಅಮರ ಕುಲದ ಒಬ್ಬ ರಾಜಕುಮಾರನಿಗಾಗಿ ಮಾಡಿಸಿದ್ದು; ಬಾಲಕನ ಅಳತೆಯದಾದ್ದರಿಂದ ಹಾಬಿಟ್ ಎಂಬ ಗಿಡ್ಡ ಕುಲದ ಬಿಲ್ಬೊನಿಗೆ ಸರಿಯಾಗಿ ಕೂತಿತು. ಮಿಥ್ರಿಲ್ ಎಂಬ ಹೆಸರು ಬಂದದ್ದು 1954ರಲ್ಲಿ, ‘ದಿ ಲಾರ್ಡ್ ಆಫ್ ದಿ ರಿಂಗ್ಸ್’ನ ಮೊದಲ ಸಂಪುಟದಲ್ಲಿ. 1966ರ ಪರಿಷ್ಕೃತ ಮುದ್ರಣದಲ್ಲಿ ಟೋಲ್ಕಿನ್ ಹಳೆಯ ಪುಸ್ತಕಕ್ಕೆ ಮರಳಿ ಹೋಗಿ ಆ ಅಂಗಿಗೂ ಹೊಸ ಹೆಸರು ಸೇರಿಸಿದರು.

ಮಿಥ್ರಿಲ್ ಎಂದರೆ ಮೋರಿಯಾ. ಬೆಟ್ಟದೊಳಗೆ ಕುಳ್ಳರು ಕೊರೆದ ಈ ನಗರದ ಮೂಲ ಹೆಸರು ಖಜಾದ್-ದೂಮ್. ಅವರ ಸಿರಿಯ ಬೇರು ಇದ್ದದ್ದು ಚಿನ್ನದಲ್ಲಲ್ಲ, ಈ ಅದಿರಿನಲ್ಲಿ. ಒಂದು ಕಾಲಕ್ಕೆ ಚಿನ್ನದ ಹತ್ತು ಪಟ್ಟು ಬೆಲೆ. ಆಮೇಲೆ ಗಣಿಯೇ ಕೈತಪ್ಪಿದ್ದರಿಂದ ಬೆಲೆ ಕಟ್ಟುವುದೇ ನಿಂತುಹೋಯಿತು. ಅದಿರಿನ ಜಾಡು ಹಿಡಿದು ಆಳಕ್ಕೆ, ಇನ್ನೂ ಆಳಕ್ಕೆ ಅಗೆದ ಕುಳ್ಳರು ಆ ಲೋಕದ ಮೂರನೇ ಯುಗದ 1980ರಲ್ಲಿ ಪಾತಾಳದಲ್ಲಿ ಮಲಗಿದ್ದ ಬಾಲ್ರಾಗ್ ಎಂಬ ಬೆಂಕಿಯ ಭೂತವನ್ನು ಎಬ್ಬಿಸಿದರು. ದೊರೆ ಆರನೇ ಡ್ಯೂರಿನ್ ಸತ್ತ. ಮರುವರ್ಷ ಉಳಿದವರು ಊರು ಬಿಟ್ಟು ಓಡಿದರು. ಓರ್ಕ್ ಎಂಬ ಕ್ರೂರ ಜೀವಿಗಳು ಆಯ್ದು ತಂದ ಅಷ್ಟಿಷ್ಟು ಮಿಥ್ರಿಲ್ ಕಪ್ಪಕಾಣಿಕೆಯಾಗಿ ದುಷ್ಟ ಸಾರಾನ್‌ಗೆ ಸಂದಿತು. ಗಣಿಗಾರಿಕೆಯ ಆಸೆಬುರುಕತನದ ಬಗ್ಗೆ ಇಷ್ಟು ಚೊಕ್ಕವಾಗಿ ಹೇಳಿದ ಕಥೆಗಳು ಕಡಿಮೆ.

ಇನ್ನು ಆ ಅಂಗಿಯ ವಿಷಯ. ಸಣ್ಣ ಸಣ್ಣ ಬಳೆಗಳನ್ನು ಒತ್ತೊತ್ತಾಗಿ ಹೆಣೆದು ಮಾಡಿದ್ದು. ಕೈಯಲ್ಲಿ ಹಿಡಿದರೆ ನಾರುಬಟ್ಟೆಯಷ್ಟು ಮೆದು, ಮುಟ್ಟಿದರೆ ತಣ್ಣಗೆ, ಮೇಲೆ ಬಿಳಿ ಹರಳುಗಳು. ಬಿಲ್ಬೊ ಅದನ್ನು ಕೆಲಕಾಲ ವಸ್ತುಸಂಗ್ರಹಾಲಯಕ್ಕೆ ಎರವಲು ಕೊಟ್ಟಿದ್ದ. ಮುಂದೆ ಅದು ಅವನ ಉತ್ತರಾಧಿಕಾರಿ ಫ್ರೋಡೊನ ಮೈಮೇಲೆ ಬಂತು. ಹಾಬಿಟ್‌ಗಳ ಇಡೀ ಶೈರ್ ಸೀಮೆಯನ್ನು ಮಾರಿದರೂ ಅದರ ಬೆಲೆ ಹುಟ್ಟದು ಎಂದು ಮಾಂತ್ರಿಕ ಗ್ಯಾಂಡಾಲ್ಫ್ ಬಾಯಿಬಿಡುವುದು ಮೋರಿಯಾದ ಕತ್ತಲಲ್ಲಿ ರಾತ್ರಿ ತಂಗಿದ್ದಾಗ. ಅಂಗಿ ತೊಟ್ಟವನು ಪಕ್ಕದಲ್ಲೇ ತುಟಿಪಿಟಕ್ಕೆನ್ನದೆ ಕೂತಿರುತ್ತಾನೆ.

ಮರುದಿನವೇ ಓರ್ಕ್ ಸರದಾರನ ಈಟಿ ಫ್ರೋಡೊನನ್ನು ಗೋಡೆಗೆ ಒತ್ತಿಬಿಡುತ್ತದೆ. ಅಂಗಿಗೆ ಒಂದು ಗೀರೂ ಬೀಳುವುದಿಲ್ಲ. ಆದರೆ ಆಮೇಲೆ ಬಿಚ್ಚಿ ನೋಡಿದರೆ ಬಲಗಡೆ ಪಕ್ಕೆ, ಎದೆಯೆಲ್ಲ ಕಪ್ಪುಗಟ್ಟಿದೆ. ಒಂದು ಕಡೆ ಬಳೆಗಳು ಒಳಗಿನ ತೊಗಲಂಗಿಯನ್ನೂ ದಾಟಿ ಮಾಂಸದೊಳಕ್ಕೆ ಇಳಿದಿವೆ. ನನಗೆ ಅತ್ಯಂತ ಇಷ್ಟವಾದ ವಿವರ ಇದು. ಮೊನೆ ಒಳಹೊಗದಿದ್ದರೂ ಏಟಿನ ಬಲ ಎಲ್ಲಿಗಾದರೂ ಹೋಗಲೇಬೇಕಲ್ಲ! ಕರ್ಣನ ಕವಚ ಹುಟ್ಟುತ್ತಲೇ ಬಂದ ದೈವದತ್ತ ಸೊತ್ತು. ಇದು ಯಾರೋ ಕೂತು ಹೆಣೆದ ಕೈಕೆಲಸ. ಆದ್ದರಿಂದ ಅದಕ್ಕೊಂದು ಮಿತಿ ಇದೆ.

ನಿಜ ಹೇಳಬೇಕೆಂದರೆ ಮಿಥ್ರಿಲ್‌ಗೆ ಮಂತ್ರದ ಹಂಗೇ ಕಡಿಮೆ. ತಾಮ್ರದಂತೆ ಬಡಿದರೆ ಬಗ್ಗುವ ಲೋಹ ಈಟಿಗೇಕೆ ಬಗ್ಗಲಿಲ್ಲ ಎಂದು ಯಾವ ಕಮ್ಮಾರನಾದರೂ ಕೇಳಿಯಾನು. ಸೂಕ್ಷ್ಮವಾಗಿ ಓದಿದರೆ ಉತ್ತರ ಗ್ಯಾಂಡಾಲ್ಫನ ಮಾತಿನಲ್ಲೇ ಇದೆ: ಹದಗೊಳಿಸಿದ ಉಕ್ಕಿಗಿಂತ ಗಟ್ಟಿಯಾದ, ಹಗುರವಾದ ಲೋಹವನ್ನು ಕುಳ್ಳರು ಇದರಿಂದ ತಯಾರಿಸಬಲ್ಲವರಾಗಿದ್ದರು. ಅಂದರೆ ಅಗೆದು ತಂದದ್ದು ಕಚ್ಚಾಮಾಲು. ಗಟ್ಟಿತನ ಬರುವುದು ಕುಲುಮೆಯಲ್ಲಿ, ಬಲ್ಲವರ ಕೈಯಲ್ಲಿ. ನಮ್ಮ ಲೋಕದ ಟೈಟಾನಿಯಂ ಇದಕ್ಕೆ ತಕ್ಕಮಟ್ಟಿಗೆ ಹತ್ತಿರ. ಘನ ಸೆಂಟಿಮೀಟರಿಗೆ ಕಬ್ಬಿಣ 7.87 ಗ್ರಾಂ ತೂಗಿದರೆ ಅದು ತೂಗುವುದು 4.5 ಗ್ರಾಂ. ತುಕ್ಕು ಹಿಡಿಯುವುದಿಲ್ಲ. ಆದರೆ ಬೆಳ್ಳಿಯ ಕಳೆ ಇಲ್ಲ, ತಾಮ್ರದಷ್ಟು ಸಲೀಸಾಗಿ ಬಗ್ಗುವುದೂ ಇಲ್ಲ.

ಅಂಗಿಯ ಹೊರತಾಗಿ ಮಿಥ್ರಿಲ್ ಎಲ್ಲೆಲ್ಲಿ ಬಳಕೆಯಾಗಿದೆ ಎಂದು ಹುಡುಕುತ್ತ ಹೋದರೆ ಒಂದು ಸಂಗತಿ ಎದ್ದು ಕಾಣುತ್ತದೆ. ಮೋರಿಯಾದ ಪಡುವಣ ಬಾಗಿಲನ್ನು ಕಟ್ಟಿದವನು ಕುಳ್ಳ ನಾರ್ವಿ, ಅದರ ಮೇಲೆ ಚಿತ್ರ ಬರೆದವನು ಎಲ್ಫ್ ಕೆಲೆಬ್ರಿಂಬೋರ್. ಗೆರೆಗಳು ಮಿಥ್ರಿಲ್‌ನಿಂದ ತಯಾರಾದ ‘ಇಥಿಲ್ದಿನ್’ನವು, ನಕ್ಷತ್ರ ಅಥವಾ ಬೆಳದಿಂಗಳ ಬೆಳಕಿಗೆ ಮಾತ್ರ ಕಾಣುತ್ತವೆ. ಎಲ್ಫ್‌ಗಳ ಒಡತಿ ಗಲಾಡ್ರಿಯೆಲ್ ತೊಟ್ಟ ಉಂಗುರ ಮಿಥ್ರಿಲ್‌ನದು. ಮನುಷ್ಯರ ರಾಜ್ಯ ಗೊಂಡೋರ್‌ನ ಕೋಟೆ ಕಾವಲುಗಾರರ ಶಿರಸ್ತ್ರಾಣಗಳೂ ಹಾಗೆಯೇ. ಸಾರಾನ್ ವಿರುದ್ಧದ ಯುದ್ಧ ಮುಗಿದ ಮೇಲೆ ಅಲ್ಲಿನ ಮಿನಾಸ್ ತಿರಿತ್ ನಗರದ ಮುರಿದ ಹೆಬ್ಬಾಗಿಲನ್ನು ಕುಳ್ಳರು ಮಿಥ್ರಿಲ್ ಮತ್ತು ಉಕ್ಕಿನಲ್ಲಿ ಮತ್ತೆ ಕಟ್ಟಿಕೊಡುತ್ತಾರೆ. ಬಾಗಿಲು, ಉಂಗುರ, ಶಿರಸ್ತ್ರಾಣ, ಅಂಗಿ. ಕಥೆಯ ಹೆಸರಾಂತ ಖಡ್ಗಗಳಲ್ಲಿ ಒಂದೂ ಇದರದಲ್ಲ.

ಕತ್ತಿ ಮಾಡಿದವರು ಆಮೇಲಿನವರು. ‘ಫೈನಲ್ ಫ್ಯಾಂಟಸಿ’ಯಂಥ ಕಂಪ್ಯೂಟರ್ ಆಟಗಳಲ್ಲಿ ಮಿಥ್ರಿಲ್ ಖಡ್ಗ ಅಂಗಡಿಯಲ್ಲೇ ಸಿಗುತ್ತದೆ, ಆಟಗಾರನ ಬಳಿ ನಾಣ್ಯ ಇದ್ದರಾಯಿತು. 2022ರಲ್ಲಿ ಬಂದ ‘ದಿ ರಿಂಗ್ಸ್ ಆಫ್ ಪವರ್’ ಧಾರಾವಾಹಿ ಈ ಲೋಹಕ್ಕೊಂದು ದಿವ್ಯ ಜನ್ಮಕಥೆಯನ್ನೇ ಹೊಸೆಯಿತು: ಬೆಟ್ಟದ ಮೇಲಿನ ಮರ, ಅದರೊಳಗೆ ಕಳೆದುಹೋದ ರತ್ನ, ಸಿಡಿಲು. ಟೋಲ್ಕಿನ್ ಬರೆದದ್ದರಲ್ಲಿ ಇದಿಲ್ಲ, ಬೇಕಾಗಿಯೂ ಇರಲಿಲ್ಲ. ಅದಿರು, ಬೆವರು, ದುರಾಸೆ ಇವಿಷ್ಟರಿಂದಲೇ ನಂಬಿಸಿದ ಲೋಹಕ್ಕೆ ಪವಾಡ ಅಂಟಿಸಿದರೆ ಅದು ಸಪ್ಪೆಯಾಗುತ್ತದೆ.

ಮೂರು ಸಂಪುಟ ಓದಲು ಪುರುಸೊತ್ತಿಲ್ಲದವರು ಮೊದಲ ಸಂಪುಟದ ‘ಎ ಜರ್ನಿ ಇನ್ ದಿ ಡಾರ್ಕ್’ ಮತ್ತು ಅದರ ಮುಂದಿನ ಎರಡು ಅಧ್ಯಾಯ, ಇವಿಷ್ಟನ್ನಾದರೂ ಓದಿ. ಬಾಗಿಲು, ಗಣಿ, ಈಟಿಯ ಏಟು ಮೂರೂ ಅಲ್ಲಿವೆ. ಸಿನಿಮಾ ನೋಡಿದ್ದೇನೆ, ಸಾಕು ಎನ್ನಬೇಡಿ. ಮಾಂಸಕ್ಕಿಳಿದ ಆ ಬಳೆಗಳನ್ನು ಕಾಣಲು ಪುಸ್ತಕವನ್ನೇ ತೆರೆಯಬೇಕು.