ಅರಕಲಗೂಡಿನ ಆರತಿ, ತೆರೆಯ ಮೇಲಿನ ‘ರಂಗನಾಯಕಿ’

ಶಾಲೆಯ ವಾರ್ಷಿಕೋತ್ಸವದಲ್ಲಿ ಮಗಳು ನಾಟಕವಾಡಿದರೆ ಮುಂದಿನ ಸಾಲಿನಲ್ಲಿ ಕುಳಿತು ಚಪ್ಪಾಳೆ ತಟ್ಟುವ ತಂದೆ-ತಾಯಿಯರೇ, ‘ಮುಂದೆ ನಟಿಯಾಗುತ್ತೇನೆ’ ಎಂದು ಅವಳು ಹೇಳಿದರೆ ಗಾಬರಿಯಾಗುತ್ತಾರೆ. ಕಲೆ ಬೇಕು, ಆದರೆ ಕಲಾವಿದೆ ಬೇರೆ ಮನೆಯವಳಾಗಿರಲಿ ಎಂಬ ಮನೋಭಾವ ನಮ್ಮಲ್ಲಿ ಹಳೆಯದು. ಇದನ್ನೇ ವಸ್ತುವಾಗಿಸಿಕೊಂಡ ಚಿತ್ರ 1981ರ ‘ರಂಗನಾಯಕಿ’. ಅದರ ನಾಯಕಿಯ ಪಾತ್ರಕ್ಕೆ ಜೀವ ತುಂಬಿದ ಆರತಿ ಹಾಸನ ಜಿಲ್ಲೆಯ ಅರಕಲಗೂಡಿನವರು.

ಆರತಿ ಒಂದೇ ಜಿಗಿತಕ್ಕೆ ಮೇಲೇರಿದವರಲ್ಲ. 1969ರ ‘ಗೆಜ್ಜೆಪೂಜೆ’ಯಲ್ಲಿ ಕಲ್ಪನಾ ನಾಯಕಿ, ಆರತಿಯವರದು ಚಿಕ್ಕ ಪಾತ್ರ. ಮೂರು ವರ್ಷಗಳ ನಂತರ ‘ನಾಗರಹಾವು’ ಚಿತ್ರದ ಅಲಮೇಲು ಆಗಿ ಮನೆಮಾತಾದರು. 1974ರ ‘ಉಪಾಸನೆ’ಯಲ್ಲಿ ಸಂಗೀತಕ್ಕೆ ಬದುಕನ್ನೇ ಮುಡಿಪಿಟ್ಟ ವೀಣಾ ಸಾಧಕಿ, 1975ರ ‘ಶುಭಮಂಗಳ’ದಲ್ಲಿ ಸ್ವಾಭಿಮಾನದ ಹುಡುಗಿ, 1978ರ ‘ಹೊಂಬಿಸಿಲು’ ಚಿತ್ರದಲ್ಲಿ ವೈದ್ಯೆ. ರಾಜ್ಯ ಸರ್ಕಾರದ ಶ್ರೇಷ್ಠ ನಟಿ ಪ್ರಶಸ್ತಿಯೂ ಅವರಿಗೆ ಸಂದಿತು.

ಇಲ್ಲಿ ವಿದ್ಯಾರ್ಥಿಗಳು ಗಮನಿಸಬೇಕಾದ ಸಂಗತಿಯೊಂದಿದೆ. ಈ ಚಿತ್ರಗಳೆಲ್ಲ ಕನ್ನಡ ಕಾದಂಬರಿಗಳಿಂದ ಹುಟ್ಟಿದವು. ‘ಗೆಜ್ಜೆಪೂಜೆ’ ಎಂ.ಕೆ. ಇಂದಿರಾ ಅವರದು, ‘ಶುಭಮಂಗಳ’ ವಾಣಿಯವರದು, ‘ಹೊಂಬಿಸಿಲು’ ಉಷಾ ನವರತ್ನರಾಂ ಅವರದು. ‘ನಾಗರಹಾವು’ ಚಿತ್ರದ ಹಿಂದೆ ತ.ರಾ.ಸು. ಬರವಣಿಗೆ ಇದೆ. ಕಾದಂಬರಿ ಓದಿ ನಂತರ ಚಿತ್ರ ನೋಡಿದರೆ, ಹತ್ತು ಪುಟದ ವಿವರಣೆಯನ್ನು ನಟಿಯೊಬ್ಬಳು ಒಂದು ನೋಟದಲ್ಲಿ ಹೇಗೆ ಹೇಳುತ್ತಾಳೆ ಎಂಬುದು ತಿಳಿಯುತ್ತದೆ.

ಅಶ್ವತ್ಥರ ಕಾದಂಬರಿಯನ್ನು ಆಧರಿಸಿ ಪುಟ್ಟಣ್ಣ ಕಣಗಾಲ್ ನಿರ್ದೇಶಿಸಿದ ‘ರಂಗನಾಯಕಿ’ಯ ಸವಾಲು ಇದಕ್ಕಿಂತ ದೊಡ್ಡದು. ಅಲ್ಲಿ ಚಿತ್ರನಟಿಯು ನಾಟಕ ಕಂಪನಿಯ ನಟಿಯಾಗಿ ಅಭಿನಯಿಸಬೇಕು. ಹಾಸನ, ಹೊಳೆನರಸೀಪುರ, ಚನ್ನರಾಯಪಟ್ಟಣದಂಥ ಊರುಗಳ ಹಿರಿಯರಿಗೆ ಕಂಪನಿ ನಾಟಕದ ಏರುದನಿ ನೆನಪಿರಬಹುದು. ಆ ಏರುದನಿಗೆ ವಿಜ್ಞಾನದ ಕಾರಣವುಂಟು. ಬಯಲಿನಲ್ಲಿ ದೂರ ಎರಡು ಪಟ್ಟಾದರೆ ಶಬ್ದದ ತೀವ್ರತೆ ನಾಲ್ಕನೇ ಒಂದು ಭಾಗಕ್ಕೆ ಇಳಿಯುತ್ತದೆ. ಮೂರು ಪಟ್ಟಾದರೆ ಒಂಬತ್ತನೇ ಒಂದು ಭಾಗಕ್ಕೆ! ಧ್ವನಿವರ್ಧಕವಿಲ್ಲದ ದಿನಗಳಲ್ಲಿ ಕೊನೆಯ ಸಾಲಿಗೆ ಮಾತು ಮುಟ್ಟಬೇಕಾದರೆ ಎದೆಯಾಳದಿಂದ ದನಿ ತೆಗೆಯಲೇಬೇಕು, ಕೈಗಳನ್ನು ದೊಡ್ಡದಾಗಿ ಬೀಸಲೇಬೇಕು. ಕ್ಯಾಮೆರಾದ ಮುಂದೆ ಇದು ತಿರುವುಮುರುವು. ಮಸೂರವು ಮುಖವನ್ನು ತೆರೆಯಗಲ ಹಿಗ್ಗಿಸುವುದರಿಂದ ರೆಪ್ಪೆಯ ಅಲುಗಾಟವೂ ಮಾತಾಗುತ್ತದೆ. ರಂಗದ ಮೇಲಿನ ದೊಡ್ಡ ಅಭಿನಯ, ಪರದೆ ಬಿದ್ದ ಮೇಲಿನ ಮೌನ ಎರಡನ್ನೂ ಆರತಿ ಒಂದೇ ಚಿತ್ರದಲ್ಲಿ ಬೇರೆ ಬೇರೆಯಾಗಿ ನಿಭಾಯಿಸಿದರು.

ಕಥೆಯಲ್ಲಿ ರಂಗನಾಯಕಿ ಮದುವೆಗಾಗಿ ಬಣ್ಣ ಬಿಡುತ್ತಾಳೆ. ಮತ್ತೆ ರಂಗವೇರಿದಾಗ ಗಂಡ ಮಗುವಿನೊಡನೆ ದೂರವಾಗುತ್ತಾನೆ. ಅವಳು ಪ್ರಸಿದ್ಧ ಚಿತ್ರತಾರೆಯಾಗುತ್ತಾಳೆ. ಬೆಳೆದ ಮಗನಿಗೆ ಅವಳೇ ತಾಯಿ ಎಂಬುದು ಗೊತ್ತಿರುವುದಿಲ್ಲ. ಅವಳ ಕಲೆಯನ್ನು ಮೆಚ್ಚಿದ ಸಮಾಜವೇ ಅದಕ್ಕೆ ಅಷ್ಟು ದೊಡ್ಡ ಬೆಲೆ ಕೇಳಿತು. ಹೆಣ್ಣುಮಕ್ಕಳ ಪ್ರತಿಭೆ ಮದುವೆಯ ತನಕ ಮಾತ್ರವೇ ಎಂಬ ಪ್ರಶ್ನೆಯನ್ನು ಚಿತ್ರ ಪ್ರೇಕ್ಷಕರ ಮುಂದಿಟ್ಟಿತು. ಇಷ್ಟು ವರ್ಷಗಳಾದರೂ ಅದಕ್ಕೆ ಎಲ್ಲ ಮನೆಗಳಲ್ಲೂ ಉತ್ತರ ಸಿಕ್ಕಿಲ್ಲ.

ಮುಂದೆ ಆರತಿ ಚಿತ್ರರಂಗದಿಂದ ದೂರ ಸರಿದರು. ಮತ್ತೆ ಬಂದಾಗ ನಿರ್ದೇಶಕಿಯಾಗಿದ್ದರು. 2005ರಲ್ಲಿ ಅವರು ನಿರ್ದೇಶಿಸಿದ ‘ಮಿಠಾಯಿ ಮನೆ’ ಮಕ್ಕಳ ಚಿತ್ರ.

ಅಭಿನಯವೂ ಗಣಿತ, ವಿಜ್ಞಾನಗಳಂತೆ ಕಲಿತು ಪಳಗಬೇಕಾದ ವಿದ್ಯೆ. ಗುಬ್ಬಿ ವೀರಣ್ಣನವರ ಮೊಮ್ಮಗಳು ಬಿ. ಜಯಶ್ರೀ ದೆಹಲಿಯ ರಾಷ್ಟ್ರೀಯ ನಾಟಕ ಶಾಲೆಯಲ್ಲಿ ಕಲಿತು 1973ರಲ್ಲಿ ಪದವಿ ಪಡೆದರು. ಹೆಗ್ಗೋಡಿನ ನೀನಾಸಂ 1980ರಲ್ಲಿ ರಂಗಶಿಕ್ಷಣ ಕೇಂದ್ರವನ್ನು ಆರಂಭಿಸಿತು. ಮಗಳಿಗೆ ನಟನೆಯಲ್ಲಿ ನಿಜವಾದ ಆಸಕ್ತಿಯಿದ್ದರೆ ಓದಿನ ಜೊತೆಗೆ ಈ ದಾರಿಯನ್ನೂ ವಿಚಾರಿಸಿ ನೋಡಬಹುದು. ಗಾಬರಿಪಡುವ ಮೊದಲು ಪೋಷಕರು, ಮಕ್ಕಳು ಜೊತೆಯಲ್ಲಿ ಕುಳಿತು ‘ರಂಗನಾಯಕಿ’ಯನ್ನು ಒಮ್ಮೆ ನೋಡುವುದು ಒಳ್ಳೆಯದು.